ದಾಸ್ತೋವ್‌ಸ್ಕಿ ಬಗ್ಗೆ ಓದಬೇಕು ಅಂದರೆ ಎಲ್ಲಿಂದ ಶುರು ಮಾಡುವುದು?

ರಷ್ಯನ್ ಕಾದಂಬರಿಕಾರ ದಾಸ್ತೋವ್‌ಸ್ಕಿಯ ‘ಅಪರಾಧ ಮತ್ತು ಶಿಕ್ಷೆ’ ಓದಿ ಮುಗಿಸಿದ ಮೇಲೆ ಸುಮಾರು ಜನರಿಗೆ ಒಂದು ಕುತೂಹಲ ಹುಟ್ಟುತ್ತದೆ. ಇದನ್ನು ಬರೆದವನು ಎಂಥ ಮನುಷ್ಯ ಇರಬಹುದು? ಆ ಕುತೂಹಲ ಹಿಡಿದು ಹುಡುಕಲು ಹೋದರೆ ಪುಸ್ತಕಗಳ ರಾಶಿಯೇ ಎದುರಾಗುತ್ತದೆ. ಜೀವನಚರಿತ್ರೆಗಳು, ಹೆಂಡತಿಯ ನೆನಪು, ಮಗಳ ನೆನಪು, ಮನೋವಿಶ್ಲೇಷಣೆ, ತತ್ವಶಾಸ್ತ್ರ, ವಿಮರ್ಶೆ, ಎಲ್ಲಾ ಇದೆ. ನಾನು ಶುರು ಮಾಡಿದ್ದು ರಷ್ಯನ್ ವಿಮರ್ಶಕ ಬಖ್ತಿನ್ ಅವನ ಕಾದಂಬರಿಗಳ ಬಗ್ಗೆ ಬರೆದ ಪುಸ್ತಕದಿಂದ. ಆಗ ನಾನು ಓದಿದ್ದು ಒಂದೇ ಕಾದಂಬರಿ. ನಲವತ್ತು ಪುಟ ದಾಟುವಷ್ಟರಲ್ಲಿ ಕೆಳಗಿಟ್ಟೆ, ಮತ್ತೆ ಕೈಗೆತ್ತಿಕೊಳ್ಳಲು ಎರಡು ವರ್ಷ ಹಿಡಿಯಿತು. ಪುಸ್ತಕ ಚೆನ್ನಾಗಿಯೇ ಇತ್ತು, ಓದಿದ ಕ್ರಮ ಸರಿ ಇರಲಿಲ್ಲ. ಅದಕ್ಕೇ ಇಲ್ಲಿ ಮುಖ್ಯವಾಗಿ ಕ್ರಮದ ಬಗ್ಗೆ ಬರೆಯುತ್ತಿದ್ದೇನೆ.

ಮೊದಲು ಕಾದಂಬರಿಗಳು. ಕಡಿಮೆ ಅಂದರೂ ಮೂರು ಓದಿಕೊಳ್ಳಿ: ‘ನೆಲಮಾಳಿಗೆಯ ಟಿಪ್ಪಣಿಗಳು’, ‘ಅಪರಾಧ ಮತ್ತು ಶಿಕ್ಷೆ’, ‘ಕರಮಜೋವ್ ಸಹೋದರರು’. ಮೊದಲನೆಯದು ಚಿಕ್ಕದು, ಆದರೆ ಅದನ್ನು ಬಿಟ್ಟರೆ ಮುಂದಿನ ವಿಮರ್ಶೆ ಅರ್ಧ ಅರ್ಥವಾಗುವುದಿಲ್ಲ. ಇನ್ನೊಂದು ಸಾದಾ ಕಾರಣವೂ ಇದೆ. ವಿಮರ್ಶಕರು ಕಥೆಯನ್ನು ಮುಚ್ಚಿಡುವುದಿಲ್ಲ. ಮುದುಕ ಕರಮಜೋವ್‌ನನ್ನು ಕೊಂದವರು ಯಾರು ಎಂದು ಎರಡನೇ ಪುಟದಲ್ಲೇ ಹೇಳಿಬಿಡುತ್ತಾರೆ. ಆ ಸುಖವನ್ನು ಯಾಕೆ ಕಳೆದುಕೊಳ್ಳಬೇಕು, ಅಲ್ವಾ?

ಆಮೇಲೆ ಒಂದು ಹಾಳೆ ತೆಗೆದುಕೊಂಡು ಕೈಯಾರೆ ಒಂದು ಕಾಲಪಟ್ಟಿ ಬರೆದುಕೊಳ್ಳಿ. 1821, ಮಾಸ್ಕೋದ ಬಡವರ ಆಸ್ಪತ್ರೆಯ ಡಾಕ್ಟರ್ ಮನೆಯಲ್ಲಿ ಹುಟ್ಟು. 1846, ಮೊದಲ ಕಾದಂಬರಿ ‘ಬಡ ಜನ’, ವಿಮರ್ಶಕ ಬೆಲಿನ್‌ಸ್ಕಿಯ ಹೊಗಳಿಕೆ. 1849, ಸರ್ಕಾರ ಒಪ್ಪದ ವಿಚಾರಗಳನ್ನು ಚರ್ಚಿಸುತ್ತಿದ್ದ ಪೆತ್ರಶೆವ್‌ಸ್ಕಿ ಗುಂಪಿನ ಜೊತೆ ಬಂಧನ, ಡಿಸೆಂಬರ್‌ನಲ್ಲಿ ಸೆಮ್ಯೋನೊವ್‌ಸ್ಕಿ ಮೈದಾನದಲ್ಲಿ ಗುಂಡಿಕ್ಕುವ ನಾಟಕ, ಕೊನೆ ಗಳಿಗೆಯಲ್ಲಿ ಕ್ಷಮೆ. ನಾಲ್ಕು ವರ್ಷ ಓಮ್‌ಸ್ಕ್ ಜೈಲು, ಆಮೇಲೆ ಸೆಮಿಪಲಾತಿನ್‌ಸ್ಕ್‌ನಲ್ಲಿ ಸಿಪಾಯಿ ಕೆಲಸ. 1859ರ ಕೊನೆಗೆ ಪೀಟರ್ಸ್‌ಬರ್ಗ್. 1864, ಒಂದೇ ವರ್ಷದಲ್ಲಿ ಮೊದಲ ಹೆಂಡತಿ ಮರಿಯಾ ಮತ್ತು ಅಣ್ಣ ಮಿಖಾಯಿಲ್ ಇಬ್ಬರೂ ಸತ್ತರು. 1867ರಿಂದ 1871ರವರೆಗೆ ಸಾಲಗಾರರ ಕಾಟಕ್ಕೆ ವಿದೇಶವಾಸ. 1881, ಸಾವು. ಇಷ್ಟು ಸಾಕು. ಒಂದು ಎಚ್ಚರ ಮಾತ್ರ ಇರಲಿ: ಆಗ ರಷ್ಯಾದ ಕ್ಯಾಲೆಂಡರ್ ಯುರೋಪಿನದಕ್ಕಿಂತ 12 ದಿನ ಹಿಂದೆ ಇತ್ತು. ಅವನು ಸತ್ತದ್ದು ಒಂದು ಪುಸ್ತಕದಲ್ಲಿ ಜನವರಿ 28, ಇನ್ನೊಂದರಲ್ಲಿ ಫೆಬ್ರವರಿ 9 ಎಂದಿದ್ದರೆ ಗಾಬರಿ ಬೇಡ, ಎರಡೂ ಒಂದೇ ದಿನ.

ಈಗ ಜೀವನಚರಿತ್ರೆ. ಒಂದೇ ಒಂದು ಓದುವಷ್ಟು ಸಮಯ ಇದೆ ಅಂದರೆ ಜೋಸೆಫ್ ಫ್ರಾಂಕ್ ಅವರದ್ದು ಓದಿ. 1976ರಿಂದ 2002ರವರೆಗೆ ಐದು ಸಂಪುಟಗಳಲ್ಲಿ ಬಂತು. ಐದನ್ನೂ ಸೇರಿಸಿ ಇಳಿಸಿದ ಒಂದು ಸಂಪುಟದ ಆವೃತ್ತಿಯೂ ಇದೆ, ಅದೂ ಸಾವಿರ ಪುಟದ ಹತ್ತಿರ ಬರುತ್ತದೆ. ದಪ್ಪ ನೋಡಿ ಹೆದರಬೇಡಿ. ಮೊದಲಿಂದ ಕೊನೆಯವರೆಗೆ ಒಂದೇ ಉಸಿರಿಗೆ ಓದಬೇಕು ಅಂತೇನಿಲ್ಲ. ನೀವು ಓದಿದ ಕಾದಂಬರಿ ಯಾವುದೋ ಅದನ್ನು ಬರೆದ ವರ್ಷಗಳ ಅಧ್ಯಾಯಗಳನ್ನು ಮೊದಲು ಓದಿ. ಫ್ರಾಂಕ್ ಅವರ ದೊಡ್ಡ ಗುಣ ಏನೆಂದರೆ ಅವರು ಮಲಗುವ ಕೋಣೆಗಿಂತ ಜಾಸ್ತಿ ಆ ಕಾಲದ ಪತ್ರಿಕೆಗಳೊಳಗೆ ಇಣುಕುತ್ತಾರೆ. ಚೆರ್ನಿಶೆವ್‌ಸ್ಕಿ 1863ರಲ್ಲಿ ‘ಏನು ಮಾಡಬೇಕು?’ ಎಂಬ ಕಾದಂಬರಿ ಬರೆದು, ಮನುಷ್ಯ ತನ್ನ ಹಿತ ಯಾವುದೆಂದು ಬುದ್ಧಿಯಿಂದ ತಿಳಿದುಕೊಂಡರೆ ಒಳ್ಳೆಯವನೇ ಆಗುತ್ತಾನೆ ಎಂದು ವಾದಿಸಿದ್ದ. ಮರುವರ್ಷ ಬಂದ ‘ನೆಲಮಾಳಿಗೆಯ ಟಿಪ್ಪಣಿಗಳು’ ಆ ವಾದಕ್ಕೆ ಕೊಟ್ಟ ಉತ್ತರ. ಇದು ಗೊತ್ತಿಲ್ಲದೆ ಓದಿದಾಗ ಆ ನೆಲಮಾಳಿಗೆಯವನು ಸುಮ್ನೆ ಕಿರುಚಾಡುವ ಹುಚ್ಚನಂತೆ ಕಾಣುತ್ತಾನೆ. ಗೊತ್ತಾದ ಮೇಲೆ ಅವನ ಒಂದೊಂದು ಮಾತೂ ಯಾರ ಕಡೆ ಬಾಣ ಬಿಡುತ್ತಿದೆ ಎಂದು ಕಾಣುತ್ತದೆ.

ಫ್ರಾಂಕ್ ಜೊತೆಗೆ ಇನ್ನೊಂದು ಬೇಕು ಅಂದರೆ ಮೊಚುಲ್‌ಸ್ಕಿ. ರಷ್ಯಾ ಬಿಟ್ಟು ಪ್ಯಾರಿಸ್ ಸೇರಿದವರು, ಪುಸ್ತಕ ಬಂದದ್ದು 1947ರಲ್ಲಿ. ಅವರಿಗೆ ದಾಸ್ತೋವ್‌ಸ್ಕಿ ಮೊದಲಿಗೆ ಧಾರ್ಮಿಕ ಲೇಖಕ, ಆ ಕನ್ನಡಕದಲ್ಲೇ ಎಲ್ಲವನ್ನೂ ನೋಡುತ್ತಾರೆ. ಲಿಯೊನಿದ್ ಗ್ರಾಸ್‌ಮನ್ ಸೋವಿಯತ್ ಒಕ್ಕೂಟದಲ್ಲೇ ಇದ್ದು 1962ರಲ್ಲಿ ಬರೆದವರು. ಒಂದೇ ಕಾದಂಬರಿಯ ಬಗ್ಗೆ ಇಬ್ಬರೂ ಬರೆದದ್ದನ್ನು ಪಕ್ಕಪಕ್ಕ ಇಟ್ಟು ಓದಿದರೆ ಬರೆದ ಜಾಗ, ಬರೆದ ಕಾಲ ಒಬ್ಬ ಲೇಖಕನ ಚಿತ್ರವನ್ನು ಎಷ್ಟು ಬದಲಿಸುತ್ತದೆ ಅನ್ನುವುದು ಸಂಜೆಯೊಂದರಲ್ಲಿ ಗೊತ್ತಾಗುತ್ತದೆ.

ಎರಡನೇ ಹೆಂಡತಿ ಆನ್ನಾಳ ನೆನಪುಗಳು ನನಗೆ ತುಂಬ ಪ್ರಿಯವಾದ ಪುಸ್ತಕ. ಪ್ರಕಾಶಕ ಸ್ಟೆಲ್ಲೊವ್‌ಸ್ಕಿ 3000 ರೂಬಲ್ ಕೊಟ್ಟು ಒಂದು ಕ್ರೂರ ಕರಾರು ಬರೆಸಿಕೊಂಡಿದ್ದ: 1866ರ ನವೆಂಬರ್ 1ರೊಳಗೆ ಹೊಸ ಕಾದಂಬರಿ ಕೈಗೆ ಬರದಿದ್ದರೆ ಒಂಬತ್ತು ವರ್ಷ ದಾಸ್ತೋವ್‌ಸ್ಕಿ ಬರೆದದ್ದನ್ನೆಲ್ಲಾ ದುಡ್ಡು ಕೊಡದೆ ಅಚ್ಚು ಹಾಕುವ ಹಕ್ಕು ಅವನದು. ಅಕ್ಟೋಬರ್‌ನಲ್ಲಿ ಇಪ್ಪತ್ತು ವರ್ಷದ ಹುಡುಗಿಯೊಬ್ಬಳು ಶೀಘ್ರಲಿಪಿ ಬರೆಯಲು ಬಂದಳು. 26 ದಿನದಲ್ಲಿ ‘ಜೂಜುಕೋರ’ ಮುಗಿಯಿತು. ಕೊಡಲು ಹೋದರೆ ಪ್ರಕಾಶಕ ಊರಲ್ಲಿಲ್ಲ, ಹಸ್ತಪ್ರತಿಯನ್ನು ಪೊಲೀಸ್ ಠಾಣೆಯಲ್ಲಿ ಕೊಟ್ಟು ರಸೀದಿ ಪಡೆದರು. ಮುಂದಿನ ಫೆಬ್ರವರಿಯಲ್ಲಿ ಆ ಹುಡುಗಿಯೇ ಅವನ ಹೆಂಡತಿ. ಓದುವಾಗ ಒಂದು ಮಾತ್ರ ನೆನಪಿಡಿ. ಈ ನೆನಪುಗಳನ್ನು ಆಕೆ ಬರೆದದ್ದು ಗಂಡ ಸತ್ತು ಮೂವತ್ತು ವರ್ಷ ಆದ ಮೇಲೆ, ಅಚ್ಚಾದದ್ದು ಆಕೆಯೂ ಹೋದ ಮೇಲೆ, 1925ರಲ್ಲಿ. ಆದರೆ 1867ರಲ್ಲಿ, ಅಂದರೆ ಗಂಡ ರೂಲೆಟ್ ಮೇಜಿನ ಮುಂದೆ ಇದ್ದಬದ್ದದ್ದನ್ನೆಲ್ಲಾ ಸೋಲುತ್ತಿದ್ದ ದಿನಗಳಲ್ಲೇ, ಆಕೆ ಶೀಘ್ರಲಿಪಿಯಲ್ಲಿ ದಿನಚರಿಯನ್ನೂ ಬರೆದಿದ್ದಳು. ಎರಡನ್ನೂ ಹೋಲಿಸಿ ನೋಡಿ. ನೆನಪಿನ ಪುಸ್ತಕದಲ್ಲಿ ಎಲ್ಲವನ್ನೂ ಕ್ಷಮಿಸಿದ ವಿಧವೆ ಇದ್ದಾಳೆ. ದಿನಚರಿಯಲ್ಲಿ ಗಿರವಿ ಇಟ್ಟ ಒಡವೆ ಲೆಕ್ಕ ಹಾಕುತ್ತಾ ಅಳುವ ಬಸುರಿ ಹೆಂಗಸು ಇದ್ದಾಳೆ. ಇಬ್ಬರೂ ನಿಜ.

ಇಲ್ಲಿಂದ ಮುಂದೆ ಒಂದು ಅಭ್ಯಾಸ ಬೇಕು. ಯಾವ ಸಂಗತಿ ಓದಿದರೂ ಇದನ್ನು ಯಾರು ಹೇಳಿದರು, ಯಾವಾಗ ಹೇಳಿದರು, ಹೇಳಿದವರಿಗೆ ಏನು ಬೇಕಿತ್ತು ಎಂದು ಕೇಳಿಕೊಳ್ಳಿ. ದಾಸ್ತೋವ್‌ಸ್ಕಿ ವಿಷಯದಲ್ಲಿ ಇದು ತುಂಬ ಮುಖ್ಯ, ಯಾಕೆಂದರೆ ಅವನ ಬದುಕೇ ಕಾದಂಬರಿಯ ಥರ ಇದೆ. ಬರೆಯುವವರು ಅವನ ಪಾತ್ರಗಳಿಂದ ತೆಗೆದು ಅವನ ಬದುಕಿಗೆ ಅಂಟಿಸುತ್ತಲೇ ಇರುತ್ತಾರೆ.

ಅಪ್ಪನ ಸಾವನ್ನೇ ತೆಗೆದುಕೊಳ್ಳಿ. 1839ರಲ್ಲಿ ಹಳ್ಳಿಯ ಜಮೀನಿನಲ್ಲಿ ಸತ್ತರು. ಜೀತದಾಳುಗಳೇ ಕೊಂದರು ಎಂಬ ಮಾತು ಮನೆಯೊಳಗೇ ಇತ್ತು. ಮನೋವಿಶ್ಲೇಷಣೆಯ ಫ್ರಾಯ್ಡ್ 1928ರ ಪ್ರಬಂಧದಲ್ಲಿ ಆ ಕೊಲೆಯನ್ನು ಹಿಡಿದು, ಅಪ್ಪ ಸಾಯಲಿ ಎಂಬ ಒಳಗಿನ ಆಸೆ, ಅದರ ಅಪರಾಧ ಭಾವ, ಅದರಿಂದಲೇ ದಾಸ್ತೋವ್‌ಸ್ಕಿಯ ಮೂರ್ಛೆರೋಗ ಎಂದು ಸರಪಳಿ ಕಟ್ಟಿದರು. ಕೇಳಲು ಎಷ್ಟು ಸೊಗಸು, ಅದರಲ್ಲೂ ‘ಕರಮಜೋವ್’ ಓದಿದವರಿಗೆ. ಆದರೆ ಆಗಿನ ಡಾಕ್ಟರುಗಳು ಕೊಟ್ಟ ಕಾರಣ ಮೆದುಳಿನ ಆಘಾತ. 1970ರ ದಶಕದಲ್ಲಿ ಹಳೆಯ ತನಿಖೆಯ ಕಾಗದಗಳನ್ನು ಮತ್ತೆ ತೆಗೆದು ನೋಡಿದಾಗ ಕೊಲೆಯ ಕಥೆ ಇನ್ನಷ್ಟು ಸಡಿಲವಾಯಿತು. ಮೂರ್ಛೆಯ ವಿಷಯಕ್ಕೆ ಬಂದರೆ, 1857ರ ವೈದ್ಯಕೀಯ ಪ್ರಮಾಣಪತ್ರ ಮೊದಲ ಸಲ ಬಂದದ್ದು 1850ರಲ್ಲಿ ಎನ್ನುತ್ತದೆ. ಅಂದರೆ ಸೈಬೀರಿಯಾದಲ್ಲಿ, ಅಪ್ಪ ಸತ್ತು ಹನ್ನೊಂದು ವರ್ಷ ಆದ ಮೇಲೆ. ಫ್ರಾಂಕ್ ಮೊದಲ ಸಂಪುಟದ ಕೊನೆಗೆ ಇದಕ್ಕೇ ಒಂದು ಅನುಬಂಧ ಬರೆದಿದ್ದಾರೆ. ಮೊದಲು ಫ್ರಾಯ್ಡ್ ಪ್ರಬಂಧ ಓದಿ, ಆಮೇಲೆ ಆ ಅನುಬಂಧ. ಸಾಕ್ಷ್ಯವನ್ನು ತೂಗುವುದು ಹೇಗೆ ಎಂದು ಕಲಿಯಲು ಇದಕ್ಕಿಂತ ಒಳ್ಳೆಯ ಪಾಠ ನನಗೆ ಸಿಕ್ಕಿಲ್ಲ.

ಇನ್ನೊಂದು ಸ್ಟ್ರಾಖೋವ್‌ನ ಕಥೆ. ಅವನು ದಾಸ್ತೋವ್‌ಸ್ಕಿಗೆ ವರ್ಷಗಟ್ಟಲೆ ಗೆಳೆಯನಾಗಿದ್ದ ವಿಮರ್ಶಕ. 1883ರಲ್ಲಿ ಓರೆಸ್ಟ್ ಮಿಲ್ಲರ್ ಜೊತೆ ಸೇರಿ ಮೊದಲ ಜೀವನಚರಿತ್ರೆ ಬರೆದ, ಗೌರವದಿಂದಲೇ ಬರೆದ. ಅದೇ ವರ್ಷ ನವೆಂಬರ್‌ನಲ್ಲಿ ಟಾಲ್‌ಸ್ಟಾಯ್‌ಗೆ ಕಾಗದ ಬರೆದು, ಬರೆಯುವಾಗ ಉದ್ದಕ್ಕೂ ಅಸಹ್ಯವನ್ನು ನುಂಗಿಕೊಂಡೆ, ದಾಸ್ತೋವ್‌ಸ್ಕಿ ಕೆಟ್ಟವನು ಎಂದ, ಒಂದು ಹೊಲಸು ಆರೋಪವನ್ನೂ ಇನ್ನೊಬ್ಬರ ಬಾಯಿಂದ ಕೇಳಿದ್ದಾಗಿ ಸೇರಿಸಿದ. ಆ ಕಾಗದ ಅಚ್ಚಾದದ್ದು 1913ರಲ್ಲಿ. ಆನ್ನಾ ತನ್ನ ನೆನಪುಗಳಲ್ಲಿ ಅದಕ್ಕೆ ನೊಂದು ಉತ್ತರ ಕೊಟ್ಟಳು. ಬಹಳ ಕಾಲ ಆದ ಮೇಲೆ ದಾಸ್ತೋವ್‌ಸ್ಕಿಯ ನೋಟ್‌ಬುಕ್‌ನಲ್ಲಿದ್ದ, ಸ್ಟ್ರಾಖೋವ್ ಬಗ್ಗೆಯೇ ಬರೆದ ತುಂಬ ಕಟುವಾದ ಒಂದು ಟಿಪ್ಪಣಿ ಹೊರಬಂತು. ಜೀವನಚರಿತ್ರೆಗಾಗಿ ಕಾಗದಪತ್ರ ತೆಗೆದು ನೋಡುವಾಗ ಅದು ಸ್ಟ್ರಾಖೋವ್‌ನ ಕಣ್ಣಿಗೆ ಬಿದ್ದಿರಬೇಕು ಎಂದು ಕೆಲವು ಸಂಶೋಧಕರು ಊಹಿಸಿದ್ದಾರೆ. ಈಗಲೂ ಕೆಲವರು ಆ ಆರೋಪವನ್ನು ಸಾಬೀತಾದ ಸಂಗತಿಯಂತೆ ಬರೆಯುತ್ತಾರೆ. ಅಂಥ ಪುಸ್ತಕ ಸಿಕ್ಕಿದರೆ ಉಳಿದ ಪುಟಗಳನ್ನೂ ಎಚ್ಚರದಿಂದ ಓದಿ. ಮಗಳು ಲ್ಯುಬೋವ್ 1920ರಲ್ಲಿ ಹೊರತಂದ ಪುಸ್ತಕದಲ್ಲೂ ತಪ್ಪುಗಳು ತುಂಬಾ ಇವೆ. ಅಪ್ಪ ಸತ್ತಾಗ ಅವಳಿಗೆ ಹನ್ನೊಂದು ವರ್ಷ.

ಹಾಗಂತ ಅವನನ್ನು ಕಾಪಾಡಲು ಹೊರಟ ಪುಸ್ತಕಗಳೂ ಬೇಡ. ಅವನೇ ಬರೆದು ಹೊರತರುತ್ತಿದ್ದ ಪತ್ರಿಕೆ ‘ಲೇಖಕನ ದಿನಚರಿ’ಯ 1877ರ ಮಾರ್ಚ್ ಸಂಚಿಕೆಯಲ್ಲಿ ಅವನು ಯಹೂದಿಗಳ ಬಗ್ಗೆ ಬರೆದದ್ದು ಓದಿದರೆ ಮನಸ್ಸು ಕಹಿಯಾಗುತ್ತದೆ. ಯಾವ ಜೀವನಚರಿತ್ರೆ ಕೈಗೆ ಬಂದರೂ ನಾನು ಕೊನೆಯ ಪದಸೂಚಿ ತೆಗೆದು ಈ ವಿಷಯ ಇದೆಯಾ ಎಂದು ಮೊದಲು ನೋಡುತ್ತೇನೆ. ಇಲ್ಲದಿದ್ದರೆ ವಾಪಸ್ ಇಡುತ್ತೇನೆ. ಕಾದಂಬರಿ ರೂಪದಲ್ಲಿ ಬಂದವನ್ನೂ ಬೇರೆ ಕಪಾಟಿನಲ್ಲಿ ಇಡಿ. ದಕ್ಷಿಣ ಆಫ್ರಿಕಾದ ಲೇಖಕ ಕುಟ್ಸೀ ಅವರ 1994ರ ಕಾದಂಬರಿಯಲ್ಲಿ ದಾಸ್ತೋವ್‌ಸ್ಕಿಯ ಮಲಮಗ ಪಾವೆಲ್ ಸತ್ತಿದ್ದಾನೆ. ನಿಜದ ಪಾವೆಲ್ ದಾಸ್ತೋವ್‌ಸ್ಕಿಗಿಂತ ಹೆಚ್ಚು ಕಾಲ ಬದುಕಿದ್ದ.

ಬಖ್ತಿನ್ ಈಗ. ಮೊದಲ ರೂಪ 1929ರಲ್ಲಿ ಬಂದಾಗ ಅವರು ಬಂಧನದಲ್ಲಿದ್ದರು, ಆಮೇಲೆ ಕಜಾಕ್‌ಸ್ತಾನಕ್ಕೆ ಗಡೀಪಾರಾದರು. 1963ರಲ್ಲಿ ತಿದ್ದಿ ಬೆಳೆಸಿದ ರೂಪ ಬಂತು, ಅದನ್ನೇ ಓದಿ. ಅವರ ಮುಖ್ಯ ಮಾತು ಇಷ್ಟು: ಈ ಕಾದಂಬರಿಗಳಲ್ಲಿ ಪಾತ್ರಗಳು ಲೇಖಕನ ಅಭಿಪ್ರಾಯ ಹೊರುವ ಕೂಲಿಗಳಲ್ಲ, ಅವನಿಗೇ ಎದುರು ನಿಂತು ಮಾತಾಡಬಲ್ಲ ಸ್ವತಂತ್ರ ದನಿಗಳು. ಇದನ್ನು ತತ್ವವಾಗಿ ನುಂಗಲು ಹೋದರೆ ಗಂಟಲಲ್ಲಿ ಸಿಕ್ಕಿಕೊಳ್ಳುತ್ತದೆ. ‘ಕರಮಜೋವ್ ಸಹೋದರರು’ ಕಾದಂಬರಿಯ ಒಂದು ದೃಶ್ಯ ತೆಗೆಯಿರಿ. ತಮ್ಮ ಅಲ್ಯೋಷಾ ಅಣ್ಣ ಇವಾನ್‌ಗೆ, ಅಪ್ಪನನ್ನು ಕೊಂದದ್ದು ನೀನಲ್ಲ ಎನ್ನುತ್ತಾನೆ. ಇವಾನ್ ಕೊಂದ ಎಂದು ಅಲ್ಲಿ ಯಾರೂ ಹೇಳಿರಲೇ ಇಲ್ಲ. ಹಾಗಾದರೆ ಅಲ್ಯೋಷಾ ಯಾರಿಗೆ ಉತ್ತರ ಕೊಟ್ಟ? ಇವಾನ್ ಒಳಗೆ ತನಗೆ ತಾನೇ ಹೇಳಿಕೊಳ್ಳುತ್ತಿದ್ದ ದನಿಗೆ. ಈ ಜಾಗವನ್ನು ಬಖ್ತಿನ್ ಬಿಡಿಸಿ ತೋರಿಸುವುದನ್ನು ಓದಿದ ದಿನ ನನಗೆ ಇಡೀ ಪುಸ್ತಕ ಬಾಗಿಲು ತೆರೆಯಿತು. ಆ ಕೊನೆಯ ಅಧ್ಯಾಯವನ್ನು ಮೊದಲು ಓದಿ, ಆಮೇಲೆ ಹಿಂದಕ್ಕೆ ಬನ್ನಿ.

ಬಖ್ತಿನ್ ಮಾತಿಗೆ ತಲೆಯಾಡಿಸಿ ಸುಮ್ಮನಾಗಬಾರದು ಅಂತಲೇ ಕಾದಂಬರಿಕಾರ ನಬೊಕೊವ್ ಅವರ ಉಪನ್ಯಾಸಗಳನ್ನೂ ಓದಿ. ಅವರಿಗೆ ದಾಸ್ತೋವ್‌ಸ್ಕಿ ಒಬ್ಬ ಸಾಧಾರಣ ಲೇಖಕ. ನಾನು ಒಪ್ಪುವುದಿಲ್ಲ, ಆದರೆ ಯಾಕೆ ಒಪ್ಪುವುದಿಲ್ಲ ಎಂದು ಹೇಳಲು ಕಾದಂಬರಿಗೆ ವಾಪಸ್ ಹೋಗಲೇಬೇಕಾಯಿತು. ಶೆಸ್ತೋವ್, ಬೆರ್ದ್ಯಾಯೆವ್ ಮುಂತಾದವರು ತತ್ವಶಾಸ್ತ್ರದ ಆಸಕ್ತಿ ಇದ್ದವರಿಗೆ, ಉಳಿದವರು ಸದ್ಯಕ್ಕೆ ಬಿಡಬಹುದು. ಅವರ ಬದಲು ದಾಸ್ತೋವ್‌ಸ್ಕಿಯ ನೋಟ್‌ಬುಕ್‌ಗಳನ್ನು ಹುಡುಕಿ, ವ್ಯಾಸಿಯೊಲೆಕ್ ಸಂಪಾದಿಸಿದ್ದು ಇಂಗ್ಲಿಷಿನಲ್ಲಿ ಇದೆ. ‘ಅಪರಾಧ ಮತ್ತು ಶಿಕ್ಷೆ’ ಮೊದಲು ಕೊಲೆಗಾರನೇ ‘ನಾನು’ ಎಂದು ಹೇಳಿಕೊಳ್ಳುವ ಕಥೆಯಾಗಿತ್ತು. 1865ರ ನವೆಂಬರ್‌ನಲ್ಲಿ ಬರೆದದ್ದನ್ನು ಸುಟ್ಟುಹಾಕಿ ಹೊಸದಾಗಿ ಶುರು ಮಾಡಿದ.

ಇಷ್ಟೆಲ್ಲಾ ಈಗಲೇ ಆಗುವುದಿಲ್ಲ ಅನ್ನುವವರು ಒಂದು ಸಂಜೆ ಬಿಡುವು ಮಾಡಿಕೊಂಡು ಎರಡನ್ನು ಪಕ್ಕಪಕ್ಕ ಓದಿ. ಒಂದು, 1849ರ ಡಿಸೆಂಬರ್ 22ರಂದು, ಮೈದಾನದಿಂದ ಜೀವಂತ ವಾಪಸ್ ಬಂದ ದಿನವೇ ಅಣ್ಣನಿಗೆ ಬರೆದ ಕಾಗದ. ಇನ್ನೊಂದು, ಸುಮಾರು ಇಪ್ಪತ್ತು ವರ್ಷ ಆದ ಮೇಲೆ ಬರೆದ ‘ಈಡಿಯಟ್’ನಲ್ಲಿ, ಸಾಯಲು ಇನ್ನು ಐದೇ ನಿಮಿಷ ಇರುವ ಮನುಷ್ಯ ಆ ಐದು ನಿಮಿಷವನ್ನು ಹೇಗೆ ಹಂಚಿಕೊಂಡ ಎಂದು ಕಥಾನಾಯಕ ಮಿಷ್ಕಿನ್ ಹೇಳುವ ಭಾಗ. ಕಾಗದದಲ್ಲಿ ಇರುವುದು ಯಾವುದು ಕಾದಂಬರಿಗೆ ಬಂದಿಲ್ಲ, ಕಾದಂಬರಿಯಲ್ಲಿ ಯಾವುದು ಹೊಸದಾಗಿ ಸೇರಿದೆ, ಪೆನ್ಸಿಲ್‌ನಿಂದ ಗೆರೆ ಹಾಕಿಕೊಳ್ಳಿ.