ಹಬ್ಬದ ಡಬ್ಬಿಗೆ ಸಿಹಿ-ಖಾರ ಮಂಡಕ್ಕಿ

ನಾಯಕನಹಟ್ಟಿ ತಿಪ್ಪೇರುದ್ರಸ್ವಾಮಿ ಜಾತ್ರೆಗೆ ಹೋದ ಅಪ್ಪ ರಾತ್ರಿ ಬರುವಾಗ ಒಂದು ಬಟ್ಟೆ ಚೀಲ ಹಿಡಿದು ಬರುತ್ತಿದ್ದರು. ಅದರಲ್ಲಿ ಮಂಡಕ್ಕಿ, ಖಾರಾಸೇವು, ಬೆಂಡು, ಬತ್ತಾಸು. ಜೊತೆಗೆ ತೇರಿನ ದಿನ ಸುಟ್ಟ ಕೊಬ್ಬರಿಯ ಎರಡು ಹೋಳು. ಅಮ್ಮ ಎಲ್ಲವನ್ನೂ ಬೇರೆ ಬೇರೆ ಡಬ್ಬಿಗೆ ಹಾಕಿಡುತ್ತಿದ್ದರು. ನಾನು ಮಾತ್ರ ಚೀಲವನ್ನೇ ಕಾಯುತ್ತಾ ಕೂರುತ್ತಿದ್ದೆ. ಚೀಲದ ತಳದಲ್ಲಿ ಒಂದು ಹಿಡಿ ಉಳಿದಿರುತ್ತಿತ್ತು. ಮುರಿದ ಬತ್ತಾಸು, ಖಾರಾಸೇವಿನ ಚೂರು, ಉಪ್ಪುಪ್ಪು ಮಂಡಕ್ಕಿ, ಎಲ್ಲ ಕಲೆತು ಹೋಗಿರುತ್ತಿತ್ತು. ಒಂದು ಸಲ ಸಿಹಿ ಸಿಕ್ಕರೆ ಇನ್ನೊಂದು ಸಲ ಖಾರ. ಆ ಒಂದು ಹಿಡಿಯ ರುಚಿ ನನಗೆ ಇವತ್ತಿಗೂ ನಾಲಿಗೆ ಮೇಲಿದೆ.

ಈಗ ನಾನಿರುವುದು ದಾವಣಗೆರೆಯಲ್ಲಿ. ಮಂಡಕ್ಕಿಗೆ ಇದಕ್ಕಿಂತ ಒಳ್ಳೆಯ ಊರು ಬೇಕಾ? ಸಂಜೆಯಾದರೆ ಖಾರ ಮಂಡಕ್ಕಿ, ಬಿಸಿ ಮೆಣಸಿನಕಾಯಿ ಬಜ್ಜಿ ಇಲ್ಲಿಯವರಿಗೆ ಇರಲೇಬೇಕು. ಆದರೆ ಅದು ಆಗಲೇ ಕಲಸಿ ಆಗಲೇ ತಿನ್ನುವುದು. ನನಗೆ ಬೇಕಿದ್ದದ್ದು ದೀಪಾವಳಿ ರಜೆಗೆ ಮಾಡಿ ಡಬ್ಬಿಯಲ್ಲಿ ತುಂಬಿಡುವಂಥದ್ದು. ಬಂದವರ ಕೈಗೆ ಒಂದು ಬಟ್ಟಲು ಕೊಡುವಂಥದ್ದು. ಹಾಸ್ಟೆಲ್‌ಗೆ ವಾಪಸ್ ಹೋಗುವ ಮಗಳ ಬ್ಯಾಗಿಗೆ ಹಾಕುವಂಥದ್ದು.

ಇದನ್ನು ಮಾಡಬೇಕು ಅಂತ ಹಠ ಹಿಡಿಸಿದ್ದೇ ಮಗಳು. ನಾಲ್ಕು ವರ್ಷದ ಹಿಂದೆ ಮೊಬೈಲಿನಲ್ಲಿ ಒಂದು ವಿಡಿಯೋ ತೋರಿಸಿದಳು. ಹೊರದೇಶದಲ್ಲಿ ಕ್ರಿಸ್‌ಮಸ್ ರಜೆಗೆ ಮಾಡುವ ತಿಂಡಿ. ಬೆಳಗ್ಗೆ ಹಾಲಿಗೆ ಹಾಕಿ ತಿನ್ನುವ ಸೀರಿಯಲ್, ಪ್ರೆಟ್ಜೆಲ್ ಎನ್ನುವ ಉಪ್ಪಿನ ಬಿಸ್ಕತ್ತು, ಗೋಡಂಬಿ, ಬಾದಾಮಿ ಎಲ್ಲ ಸೇರಿಸಿ, ಮೇಲೆ ಕರಗಿಸಿದ ಬಿಳಿ ಚಾಕೊಲೇಟ್ ಸುರಿದು ಆರಿಸುತ್ತಾರೆ. "ಅಮ್ಮಾ, ಇದೇ ಅಲ್ವಾ ನೀನು ಹೇಳ್ತಿದ್ದ ಚೀಲದ ತಳದ್ದು?" ಅಂದಳು. ಹೌದು ಅನ್ನಿಸಿತು. ಸಾಮಾನು ಬೇರೆ, ಆಸೆ ಅದೇ.

ಮೊದಲ ವರ್ಷ ಬತ್ತಾಸನ್ನೇ ಮುರಿದು ಹಾಕಿದೆ. ಎರಡೇ ದಿನಕ್ಕೆ ಬತ್ತಾಸು ಪುಡಿಯಾಗಿ ಡಬ್ಬಿಯ ತಳ ಸೇರಿತು. ಮೇಲೆ ಬರೀ ಖಾರ, ಕೆಳಗೆ ಬರೀ ಸಕ್ಕರೆ. ಅದೇ ವಾರ ಒಂದು ಸಣ್ಣ ಪಾಲು ತೆಗೆದು ಮಗಳ ಆಸೆಗೆ ಚಾಕೊಲೇಟ್ ಹಾಕಿ ನೋಡಿದೆವು. ನಮ್ಮ ಊರಿನ ಮಧ್ಯಾಹ್ನದ ಸೆಕೆಗೆ ಅದು ಕರಗಿ ಮಂಡಕ್ಕಿಯನ್ನೆಲ್ಲ ಒದ್ದೆ ಮಾಡಿತು. ಆಗ ಅತ್ತೆ ಅಂದರು, "ಬೆಲ್ಲದ ಪಾಕದಾಗೆ ಶೇಂಗಾ ಹಾಕಿ ತೆಗಿಯವ್ವ. ಅದಕ್ಕಿಂತ ಗಟ್ಟಿ ಸಿಹಿ ಯಾವ್ದೈತಿ?" ಅಲ್ಲಿಂದ ದಾರಿ ಸಿಕ್ಕಿತು.

ಮಂಡಕ್ಕಿಯಿಂದಲೇ ಶುರು ಮಾಡುತ್ತೇನೆ. ಎಲ್ಲ ನಿಂತಿರುವುದು ಅದರ ಮೇಲೆ. ನಾನು ಮಂಡಕ್ಕಿ ಭಟ್ಟಿ ಕಡೆ ಹೋಗಿಯೇ ತರುತ್ತೇನೆ. ಭತ್ತವನ್ನು ನೆನೆಸಿ, ಕಾಯಿಸಿ, ಅಕ್ಕಿ ಮಾಡಿಸಿ, ಆ ಅಕ್ಕಿಗೆ ಉಪ್ಪುನೀರು ಹಿಡಿಸಿ, ಕೊನೆಗೆ ಕಾದ ಮರಳಿನಲ್ಲಿ ಹುರಿದಾಗ ಅದು ಅರಳುತ್ತದೆ. ಅಷ್ಟು ಕೆಲಸ ಇದೆ ಒಂದು ಹಿಡಿ ಮಂಡಕ್ಕಿಯ ಹಿಂದೆ. ಬಿಸಿಲಲ್ಲೂ ಬೆಂಕಿಯ ಮುಂದೆ ನಿಂತು ಹುರಿಯುವವರನ್ನು ನೋಡಿದ ಮೇಲೆ ನಾನು ಮಂಡಕ್ಕಿ ಚೆಲ್ಲಿದರೆ ಮಕ್ಕಳನ್ನು ಬೈಯುತ್ತೇನೆ. ಇದರಿಂದ ನಮಗೆ ತಿಳಿಯಬೇಕಾದದ್ದು ಎರಡು. ಒಂದು, ಮಂಡಕ್ಕಿಯಲ್ಲಿ ಆಗಲೇ ಉಪ್ಪಿದೆ. ಬಾಯಿಗೆ ಹಾಕಿ ನೋಡದೆ ಮತ್ತೆ ಉಪ್ಪು ಹಾಕಬೇಡಿ. ಎರಡು, ಎಲ್ಲೋ ಒಂದೊಂದು ಮರಳಿನ ಕಣ ಉಳಿದಿರಬಹುದು. ಜರಡಿ ಹಿಡಿಯಲೇಬೇಕು. ಹಲ್ಲಿಗೆ ಒಂದು ಕಣ ಸಿಕ್ಕರೂ ಇಡೀ ಡಬ್ಬಿಯ ರುಚಿ ಹೋದ ಹಾಗೆ.

ನಾನು 250 ಗ್ರಾಂ ಮಂಡಕ್ಕಿ ತೆಗೆದುಕೊಳ್ಳುತ್ತೇನೆ. ತೂಕ ಕಮ್ಮಿ ಅನ್ನಿಸಬಹುದು, ಆದರೆ ನೋಡಲು ಒಂದು ದೊಡ್ಡ ಬೋಗುಣಿ ತುಂಬುತ್ತದೆ. ದಪ್ಪ ತಳದ ಬಾಣಲೆಯಲ್ಲಿ ಎಣ್ಣೆ ಹಾಕದೆ, ಸಣ್ಣ ಉರಿಯಲ್ಲಿ, ಎರಡು ಮೂರು ಸಲಕ್ಕೆ ಬಿಸಿ ಮಾಡುತ್ತೇನೆ. ಒಂದೊಂದು ಸಲಕ್ಕೆ 4-5 ನಿಮಿಷ. ಬಣ್ಣ ಬದಲಾಗಬಾರದು. ಒಂದು ಕಾಳು ತೆಗೆದು ಆರಲು ಬಿಟ್ಟು ಬೆರಳಲ್ಲಿ ಹಿಚುಕಿದರೆ ಪುಡಿಪುಡಿ ಆಗಬೇಕು. ಬಾಗಿದರೆ ಇನ್ನೂ ಬಿಸಿ ಬೇಕು. ಅಂಗಡಿಯಿಂದ ಈಗ ತಾನೇ ತಂದದ್ದು ಗರಿಗರಿಯಾಗಿದೆ, ಸುಮ್ನೆ ಯಾಕೆ ಬಿಸಿ ಮಾಡುವುದು ಅಂತ ಒಂದು ವರ್ಷ ಬಿಟ್ಟೆ. ದೀಪಾವಳಿ ಹೊತ್ತಿಗೆ ನಮ್ಮಲ್ಲಿ ಒಮ್ಮೊಮ್ಮೆ ಹಿಂಗಾರು ಮಳೆ ಹಿಡಿದುಕೊಳ್ಳುತ್ತದೆ. ಆ ತಂಪು ಗಾಳಿಗೆ ಮಂಡಕ್ಕಿ ಸಂಜೆಯೊಳಗೆ ಮೆತ್ತಗಾಗುತ್ತದೆ. ಈ ಕೆಲಸ ಬಿಡಬೇಡಿ.

ಮೊದಲು ಸಿಹಿ ಮಾಡಿ. ಅದು ಆರುವಷ್ಟರಲ್ಲಿ ಖಾರ ಮುಗಿಯುತ್ತದೆ.

250 ಗ್ರಾಂ ಶೇಂಗಾವನ್ನು ಸಣ್ಣ ಉರಿಯಲ್ಲಿ ಹುರಿದು, ಆರಿದ ಮೇಲೆ ಸಿಪ್ಪೆ ತೆಗೆಯುತ್ತೇನೆ. ಚಳ್ಳಕೆರೆ ಕಡೆಯ ಶೇಂಗಾ ಸಿಕ್ಕರೆ ನನಗೆ ಸಮಾಧಾನ. ನಾನು ಹುಟ್ಟಿ ಬೆಳೆದದ್ದು ಆ ಕಡೆ. ಶೇಂಗಾ, ಎಣ್ಣೆ ಮಿಲ್ಲು ಅಂದರೆ ಚಳ್ಳಕೆರೆ, ಆ ವಾಸನೆ ಮೂಗಿನಲ್ಲೇ ಇದೆ. ಕಾಳು ಸಣ್ಣದಿದ್ದರೂ ಪರವಾಗಿಲ್ಲ, ಕಮಟು ವಾಸನೆ ಇರಬಾರದು. ಒಂದು ಕಮಟು ಕಾಳು ಸಾಕು, ತಿಂದವರ ಮುಖ ಕಿವುಚುತ್ತದೆ. ಆರಿಸಿಕೊಳ್ಳಿ.

150 ಗ್ರಾಂ ಬೆಲ್ಲ ಕುಟ್ಟಿ, ಮೂರು ಚಮಚ ನೀರು ಹಾಕಿ ಕರಗಿಸಿ, ಸೋಸಿ, ಮತ್ತೆ ಒಲೆಗೆ ಇಡಿ. ಒಂದು ಚಮಚ ತುಪ್ಪ, ಒಂದು ಚಿಟಿಕೆ ಉಪ್ಪು ಹಾಕಿ. ಈಗ ಪಾಕ. ಇಲ್ಲಿ ಅವಸರ ಮಾಡಬಾರದು, ಅತ್ತಿತ್ತ ಹೋಗಲೂಬಾರದು. ಉಂಡೆ ಕಟ್ಟುವ ಪಾಕ ಇದಕ್ಕೆ ಸಾಲದು. ಪಕ್ಕದಲ್ಲಿ ಬಟ್ಟಲಲ್ಲಿ ತಣ್ಣೀರು ಇಟ್ಟುಕೊಳ್ಳಿ. ಒಂದು ಹನಿ ಪಾಕ ಬಿಡಿ. ಮೊದಮೊದಲು ಅದು ನೀರಲ್ಲಿ ಮೆತ್ತಗಿನ ಉಂಡೆಯಾಗುತ್ತದೆ. ಇನ್ನೊಂದೆರಡು ನಿಮಿಷಕ್ಕೆ ಗಟ್ಟಿ ಉಂಡೆಯಾಗುತ್ತದೆ, ಕಚ್ಚಿದರೆ ಹಲ್ಲಿಗೆ ಅಂಟುತ್ತದೆ. ಅದೂ ಸಾಲದು. ಆಮೇಲೆ ಒಂದು ಹಂತ ಬರುತ್ತದೆ. ನೀರಿಂದ ತೆಗೆದು ಮುರಿದರೆ ಟಕ್ಕನೆ ಮುರಿಯುತ್ತದೆ, ತಟ್ಟೆಗೆ ಎಸೆದರೆ ಟಣ್ ಅನ್ನುತ್ತದೆ. ಅದು ಬೇಕು. ಅದರಾಚೆ ಅರ್ಧ ನಿಮಿಷ ಹೋದರೂ ಕಹಿ. ಹಾಗಾಗಿ ಕೊನೆಯ ಎರಡು ನಿಮಿಷ ಉರಿ ತೀರಾ ಸಣ್ಣದು ಮಾಡಿ, ಹತ್ತು ಹತ್ತು ಸೆಕೆಂಡಿಗೆ ಒಂದು ಹನಿ ಬಿಟ್ಟು ನೋಡುತ್ತಿರಿ.

ಆ ಹಂತಕ್ಕೆ ಬಂದ ತಕ್ಷಣ ಒಲೆ ಆರಿಸಿ, ಒಂದು ಚಿಟಿಕೆ ಅಡುಗೆ ಸೋಡಾ ಹಾಕಿ ಕಲಕಿ. ಪಾಕ ನೊರೆನೊರೆಯಾಗಿ ಉಬ್ಬುತ್ತದೆ. ಒಳಗೆ ಸಣ್ಣ ಗಾಳಿಗುಳ್ಳೆ ಉಳಿಯುವುದರಿಂದ ಕಚ್ಚಲು ಹಗುರಾಗುತ್ತದೆ, ಕಲ್ಲಿನ ಹಾಗೆ ಇರುವುದಿಲ್ಲ. ಕೂಡಲೇ ಶೇಂಗಾ, ಎರಡು ಚಮಚ ಹುರಿದ ಎಳ್ಳು, ಏಲಕ್ಕಿ ಪುಡಿ ಹಾಕಿ ತಿರುವಿ, ತುಪ್ಪ ಸವರಿದ ಅಗಲ ತಟ್ಟೆಗೆ ಸುರಿಯಿರಿ. ಎರಡು ಚಮಚದಿಂದ ಬಿಡಿಸುತ್ತಾ ಹೋಗಿ. ಕೈ ಹಾಕಬೇಡಿ, ಬಿಸಿ ಪಾಕ ಚರ್ಮಕ್ಕೆ ಅಂಟಿದರೆ ಬಿಡುವುದಿಲ್ಲ. ಮಕ್ಕಳನ್ನು ಆ ಹೊತ್ತಿಗೆ ಅಡುಗೆಮನೆಯಿಂದ ಹೊರಗೆ ಕಳಿಸಿಬಿಡಿ. ಒಂದೊಂದೇ ಕಾಳು ಬಿಡಿಸುವ ಅಗತ್ಯವಿಲ್ಲ. ಎರಡು ಮೂರು ಕಾಳು ಸೇರಿದ ಗುಂಪು ಇದ್ದರೆ ಬಾಯಿಗೆ ಸಿಕ್ಕಾಗ ಜಾಸ್ತಿ ಖುಷಿ.

ಬೆಲ್ಲ ಗಾಳಿಯ ತೇವವನ್ನು ಸಕ್ಕರೆಗಿಂತ ಬೇಗ ಎಳೆದುಕೊಳ್ಳುತ್ತದೆ. ಮಳೆ ಹಿಡಿದಿದ್ದರೆ ನಾನು 100 ಗ್ರಾಂ ಬೆಲ್ಲ, 50 ಗ್ರಾಂ ಸಕ್ಕರೆ ಹಾಕುತ್ತೇನೆ. ರುಚಿ ಒಂದು ಕೂದಲೆಳೆ ಕಮ್ಮಿ, ಆದರೆ ಅಂಟುವುದು ಕಮ್ಮಿಯಾಗುತ್ತದೆ.

ಇನ್ನು ಖಾರ. ಇದು ನಮಗೆಲ್ಲ ಗೊತ್ತಿರುವ ಒಗ್ಗರಣೆಯೇ, ಹೆಚ್ಚು ಹೇಳುವುದಿಲ್ಲ. ಆರೇಳು ಚಮಚ ಶೇಂಗಾ ಎಣ್ಣೆ. ಅದರಲ್ಲಿ 100 ಗ್ರಾಂ ಶೇಂಗಾ ಹುರಿದು ತೆಗೆಯಿರಿ. ಎಣ್ಣೆಯಿಂದ ತೆಗೆದ ಮೇಲೂ ಅದು ಸ್ವಲ್ಪ ಕೆಂಪಾಗುತ್ತದೆ, ಒಂದು ಬಣ್ಣ ಮುಂಚೆಯೇ ತೆಗೆಯಿರಿ. ತೆಳ್ಳಗೆ ಹೆಚ್ಚಿದ ಕೊಬ್ಬರಿ 50 ಗ್ರಾಂ, ಅರ್ಧ ನಿಮಿಷ ಸಾಕು. ಪುಟಾಣಿ 100 ಗ್ರಾಂ, ಸುಮ್ನೆ ಒಂದು ಸುತ್ತು. ಆಮೇಲೆ ಸಿಪ್ಪೆ ಸಮೇತ ಜಜ್ಜಿದ ಎರಡು ಗಡ್ಡೆ ಬೆಳ್ಳುಳ್ಳಿ. ಇದಕ್ಕೆ ಮಾತ್ರ ಸಮಯ ಕೊಡಿ. ಎಣ್ಣೆಯಲ್ಲಿ ಗುಳ್ಳೆ ನಿಲ್ಲುವ ತನಕ, ಬೆಳ್ಳುಳ್ಳಿ ಒಣಗಿ ಕೆಂಪಾಗುವ ತನಕ. ಒಳಗೆ ಹಸಿ ಉಳಿದರೆ ಡಬ್ಬಿಯಲ್ಲಿ ಆ ತೇವವೇ ಮಂಡಕ್ಕಿಯನ್ನು ಮೆತ್ತಗೆ ಮಾಡುತ್ತದೆ. ಕರಿಬೇವೂ ಹಾಗೆಯೇ. ಹಿಂದಿನ ರಾತ್ರಿಯೇ ತೊಳೆದು ಬಟ್ಟೆ ಮೇಲೆ ಹರಡಿರುತ್ತೇನೆ. ಎರಡು ಹಿಡಿ ಹಾಕಿ, ಮುಟ್ಟಿದರೆ ಮುರಿಯುವಷ್ಟು ಗರಿಯಾಗಬೇಕು.

ಒಲೆ ಆರಿಸಿದ ಮೇಲೆ ಅರ್ಧ ಚಮಚ ಅರಿಶಿನ, ಎರಡು ಚಮಚ ಬ್ಯಾಡಗಿ ಮೆಣಸಿನಪುಡಿ, ರುಚಿ ನೋಡಿ ಪುಡಿ ಉಪ್ಪು. ಉರಿಯ ಮೇಲೆ ಹಾಕಿದರೆ ಮೆಣಸಿನಪುಡಿ ಸೀದು ಹೋಗುತ್ತದೆ. ಹರಳುಪ್ಪು ಬೇಡ, ಅದು ಕಾಳಿಗೆ ಹಿಡಿಯುವುದಿಲ್ಲ, ತಳ ಸೇರುತ್ತದೆ. ಹುರಿದದ್ದನ್ನೆಲ್ಲ ಸೇರಿಸಿ, ಬೆಚ್ಚಗಿರುವ ಮಂಡಕ್ಕಿ ಹಾಕಿ, ತಳದಿಂದ ಮೇಲಕ್ಕೆ ಎತ್ತಿ ಎತ್ತಿ ಕಲಸಿ. ಖಾರದ ಪಾಲಿಗೆ ಸಕ್ಕರೆ ಹಾಕುವವರಿದ್ದಾರೆ. ನಾನು ಹಾಕುವುದಿಲ್ಲ. ಪ್ರತಿ ಕಾಳೂ ಸಿಹಿಯಾದರೆ ಸಿಹಿ ಸಿಕ್ಕಿದ್ದೇ ಗೊತ್ತಾಗುವುದಿಲ್ಲ. ಖಾರ ಪೂರ್ತಿ ಖಾರವಾಗಿರಲಿ, ಉಪ್ಪಾಗಿರಲಿ. ನಡುವೆ ಎಲ್ಲೋ ಒಂದು ಬೆಲ್ಲದ ಶೇಂಗಾ ಸಿಗಲಿ. ಚೀಲದ ತಳದ ಆ ಹಿಡಿಯಲ್ಲಿ ಇದ್ದದ್ದು ಅದೇ.

ಮಗಳ ಪ್ರೆಟ್ಜೆಲ್ ಜಾಗಕ್ಕೆ ನಿಪ್ಪಟ್ಟು ಬಂದಿದೆ. ಏಳೆಂಟು ನಿಪ್ಪಟ್ಟನ್ನು ಉಗುರಿನಷ್ಟು ಚೂರು ಮಾಡಿ ಹಾಕುತ್ತೇವೆ. ಸೀರಿಯಲ್ ಜಾಗಕ್ಕೆ ಮೆಕ್ಕೆಜೋಳದ ಅವಲಕ್ಕಿ. ನಮ್ಮ ಜಿಲ್ಲೆಯ ಹೊಲಗಳಲ್ಲಿ ಎಲ್ಲಿ ನೋಡಿದರೂ ಮೆಕ್ಕೆಜೋಳವೇ, ನಮ್ಮ ತಿಂಡಿಯಲ್ಲೂ ಅದು ಇರಲಿ ಅಂತ. ಚೆನ್ನಾಗಿ ಕಾದ ಎಣ್ಣೆಗೆ ಒಂದು ಹಿಡಿ ಬಿಟ್ಟರೆ ಕ್ಷಣದಲ್ಲಿ ಉಬ್ಬುತ್ತದೆ. ಕಾಗದದ ಮೇಲೆ ಎಣ್ಣೆ ಬಸಿದು ಹಾಕಿ. ಒಣದ್ರಾಕ್ಷಿ ಬೇಡ. ತುಪ್ಪದಲ್ಲಿ ಹುರಿದರೂ ಅದರೊಳಗೆ ತೇವ ಇರುತ್ತದೆ. ಇಷ್ಟಪಡುವವರಿಗೆ ಬಟ್ಟಲಿಗೆ ಹಾಕುವಾಗ ನಾಲ್ಕು ಮೇಲೆ ಉದುರಿಸಿ ಕೊಡುತ್ತೇನೆ.

ಇನ್ನು ಬೆರೆಸುವುದು. ಎರಡನೇ ವರ್ಷ ನಾನು ಕೆಟ್ಟದ್ದು ಇಲ್ಲೇ. ನೀರು ತುಂಬುವ ಹಬ್ಬದ ಹಿಂದಿನ ದಿನ, ಮನೆ ತುಂಬ ಕೆಲಸ. ಖಾರ ಇನ್ನೂ ಬೆಚ್ಚಗಿತ್ತು. ಬೆಲ್ಲದ ಶೇಂಗಾ ಸುರಿದು, ಕಲಸಿ, ಮುಚ್ಚಳ ಹಾಕಿಬಿಟ್ಟೆ. ಬೆಳಗ್ಗೆ ತೆರೆದರೆ ಮುಚ್ಚಳದ ಒಳಗೆ ನೀರಿನ ಹನಿ. ಬೆಲ್ಲ ಕರಗಿ ಮಂಡಕ್ಕಿಗೆ ಅಂಟಿ ಎಲ್ಲ ಒಂದೇ ಮುದ್ದೆ. ಹಬ್ಬದ ದಿನ ನನಗೆ ಅಳುವೇ ಬಂತು. ಅತ್ತೆ ಒಂದು ಮಾತೂ ಬೈಯಲಿಲ್ಲ. ಮೊರ ತಂದು ಪಕ್ಕದಲ್ಲಿ ಕೂತರು. ಇಬ್ಬರೂ ಶೇಂಗಾ ಒಂದು ಕಡೆ, ಮಂಡಕ್ಕಿ ಒಂದು ಕಡೆ ಆರಿಸಿದೆವು. ಮಂಡಕ್ಕಿಯನ್ನು ಮತ್ತೆ ಸಣ್ಣ ಉರಿಯಲ್ಲಿ ಬಿಸಿ ಮಾಡಿದರೆ ಮುಕ್ಕಾಲು ಪಾಲು ಗರಿ ವಾಪಸ್ ಬಂತು. ನಿಮಗೂ ಹಾಗಾದರೆ ಎಸೆಯಬೇಡಿ, ಹೀಗೆ ಮಾಡಿ. ಆದರೆ ಬೆಲ್ಲ ಅಂಟಿರುವಂತೆ ಒಲೆಗೆ ಹಾಕಬೇಡಿ, ಸೀದು ಹೋಗುತ್ತದೆ.

ಈಗ ಎರಡನ್ನೂ ಅಗಲ ತಟ್ಟೆಯಲ್ಲಿ ಹರಡಿ, ಫ್ಯಾನ್ ಕೆಳಗೆ ಇಡುತ್ತೇನೆ. ಕೈಯ ಹಿಂಭಾಗ ಇಟ್ಟು ನೋಡುತ್ತೇನೆ. ಬಿಸಿ ಇಲ್ಲ ಅಂದ ಮೇಲೂ ಇನ್ನು ಹತ್ತು ನಿಮಿಷ ಬಿಡುತ್ತೇನೆ. ಆಮೇಲೆ ಒಣ ಸ್ಟೀಲ್ ಡಬ್ಬಿ, ಬಿಗಿ ಮುಚ್ಚಳ. ಮಳೆ ಬಂದರೆ ಪೂರ್ತಿ ಬೆರೆಸುವುದೇ ಇಲ್ಲ. ಖಾರ ಒಂದು ಡಬ್ಬಿ, ಸಿಹಿ ಒಂದು ಡಬ್ಬಿ. ಆಯಾ ದಿನಕ್ಕೆ ಬೇಕಾದಷ್ಟು, ಮೂರು ಹಿಡಿ ಖಾರಕ್ಕೆ ಒಂದು ಹಿಡಿ ಸಿಹಿ ಲೆಕ್ಕದಲ್ಲಿ ಬೆರೆಸುತ್ತೇನೆ. ಬೆರೆಸಿದ್ದು ನಮ್ಮ ಮನೆಯಲ್ಲಿ ಹತ್ತು ಹನ್ನೆರಡು ದಿನ ಚೆನ್ನಾಗಿರುತ್ತದೆ. ಬೇರೆ ಬೇರೆ ಇಟ್ಟದ್ದು ಇನ್ನೂ ಒಂದು ವಾರ ಜಾಸ್ತಿ. ಒದ್ದೆ ಚಮಚ ಮಾತ್ರ ಹಾಕಬಾರದು.

ಹೋದ ದೀಪಾವಳಿಗೆ ಊರಿಂದ ಅಪ್ಪ ಬಂದಿದ್ದರು. ಈಗ ಅವರಿಗೆ ಹಲ್ಲು ಕಮ್ಮಿ. ಅವರ ಪಾಲಿಗೆ ಬೆಲ್ಲದ ಶೇಂಗಾವನ್ನು ಒರಳಲ್ಲಿ ಸ್ವಲ್ಪ ಕುಟ್ಟಿ ಹಾಕಿ ಕೊಟ್ಟೆ. ಎರಡು ಬಟ್ಟಲು ತಿಂದರು. ಹೊರಡುವಾಗ ಬಸ್‌ ಸ್ಟ್ಯಾಂಡಿನಲ್ಲಿ, "ಒಂದು ಡಬ್ಬಿ ಕೊಡವ್ವ, ದಾರಿಗೆ" ಅಂದರು. ನಾನು ಡಬ್ಬಿ ತಂದಿರಲಿಲ್ಲ. ಒಂದು ಬಟ್ಟೆ ಚೀಲದಲ್ಲಿ ಕಟ್ಟಿ ತಂದಿದ್ದೆ.