ಶರಣಾದ ದಿನವೇ ಜಾಮೀನು ಸಿಕ್ಕ ಬಗೆ

ವಕೀಲಿಕೆಯ ಮೊದಲ ವರ್ಷಗಳಲ್ಲಿ ಒಬ್ಬರನ್ನು ಮ್ಯಾಜಿಸ್ಟ್ರೇಟ್ ಕೋರ್ಟಿಗೆ ಶರಣು ಮಾಡಿಸಿದ್ದೆ. ಅರ್ಜಿ ಚೆನ್ನಾಗಿತ್ತು, ಜಾಮೀನುದಾರರು ಹೊರಗೆ ಕಾಯುತ್ತಿದ್ದರು. ಆದರೆ ಎಪಿಪಿಯವರಿಗೆ (ಸಹಾಯಕ ಸರ್ಕಾರಿ ವಕೀಲರಿಗೆ) ಅರ್ಜಿಯ ಪ್ರತಿ ಕೊಟ್ಟದ್ದು ಕೋರ್ಟ್ ಹಾಲಿನಲ್ಲೇ, ಕೊನೆ ಗಳಿಗೆಯಲ್ಲಿ. ಅವರು ತಕರಾರು ಸಲ್ಲಿಸಲು ಒಂದು ದಿನ ಕೇಳಿದರು. ನನ್ನ ಕಕ್ಷಿದಾರರು ಆ ರಾತ್ರಿ ಜೈಲಿನಲ್ಲಿ ಕಳೆದರು. ತಪ್ಪು ನನ್ನದೇ. ನೆನೆದರೆ ಈಗಲೂ ಸಂಕಟವಾಗುತ್ತದೆ.

ಆಮೇಲೆ ಬಂದದ್ದು ಐಪಿಸಿ 420ರ, ಅಂದರೆ ವಂಚನೆಯ ಕೇಸು. ಆರೋಪಿ ಕೂಲಿ ಕೆಲಸಕ್ಕೆ ಬೆಂಗಳೂರಿಗೆ ಹೋದವರು. ಮನೆ ಬದಲಿಸಿದ್ದರಿಂದ ಸಮನ್ಸ್ ತಲುಪಿರಲಿಲ್ಲ. ಚಾರ್ಜ್‌ಶೀಟಿನಲ್ಲಿ 'ತಲೆಮರೆಸಿಕೊಂಡಿದ್ದಾನೆ' ಅಂತ ಬರೆದು, ಜಾಮೀನುರಹಿತ ವಾರಂಟ್ ಹೊರಟಿತ್ತು. ಮನುಷ್ಯ ನಡುಗುತ್ತಿದ್ದರು. "ಸರ್, ಪೊಲೀಸರು ಹಿಡಿಯದೆ ಜಾಮೀನು ಹೇಗೆ ಕೊಡ್ತಾರೆ?" ಅಂದರು.

ಈ ಪ್ರಶ್ನೆ ಬಹಳ ಜನ ಕೇಳುತ್ತಾರೆ. ಸಾಮಾನ್ಯ (ರೆಗ್ಯುಲರ್) ಜಾಮೀನು ಬೇಕೆಂದರೆ ಆರೋಪಿ ಕಸ್ಟಡಿಯಲ್ಲಿರಬೇಕು, ನಿಜ. ಆದರೆ ಪೊಲೀಸರೇ ಹಿಡಿದು ತರಬೇಕಿಲ್ಲ. ತಾನಾಗಿ ಬಂದು ಕೋರ್ಟಿನ ಆದೇಶಕ್ಕೆ ಒಪ್ಪಿಸಿಕೊಂಡರೆ ಅದೂ ಕಸ್ಟಡಿಯೇ ಎಂದು 1980ರ ನಿರಂಜನ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ.

ಅವರ ಹಳೇ ಚೀಲದಲ್ಲಿ ಹುಡುಕಿದಾಗ ಚಿನ್ನದಂಥ ಕಾಗದ ಸಿಕ್ಕಿತು. ತನಿಖೆ ನಡೆಯುತ್ತಿದ್ದಾಗ ಪೊಲೀಸರು ಕೊಟ್ಟ, ಬಂಧಿಸದೆ ವಿಚಾರಣೆಗೆ ಕರೆಯುವ ಸಿಆರ್‌ಪಿಸಿ (ದಂಡ ಪ್ರಕ್ರಿಯಾ ಸಂಹಿತೆ) 41ಎ ನೋಟಿಸು! ಅದಕ್ಕೆ ಅವರು ಠಾಣೆಗೆ ಹೋಗಿ ಹೇಳಿಕೆಯನ್ನೂ ಕೊಟ್ಟು ಬಂದಿದ್ದರು. ಹಾಗಿದ್ದ ಮೇಲೆ ತಲೆಮರೆಸಿಕೊಂಡದ್ದು ಎಲ್ಲಿ? ತನಿಖೆಯಲ್ಲಿ ಬಂಧಿಸದೆ ಬಿಟ್ಟ, ಸಹಕರಿಸಿದ ಆರೋಪಿಗಳ ಬಗ್ಗೆ ಸುಪ್ರೀಂ ಕೋರ್ಟಿನ 2022ರ ಸತೇಂದರ್ ಕುಮಾರ್ ಅಂತಿಲ್ ತೀರ್ಪು ಏಳು ವರ್ಷದವರೆಗಿನ ಶಿಕ್ಷೆಯ ಕೇಸುಗಳಲ್ಲಿ ಜಾಮೀನಿಗೆ ದಾರಿ ತೋರಿಸಿದೆ. ನೋಟಿಸು, ಬಾಡಿಗೆ ಕರಾರು, ಆ ತೀರ್ಪು, ಮೂರನ್ನೂ ಅರ್ಜಿಗೆ ಸೇರಿಸಿದೆ.

420ಕ್ಕೆ ಏಳು ವರ್ಷದವರೆಗೆ ಶಿಕ್ಷೆ ಇತ್ತು. ಅಂಥ ಕೇಸಿನಲ್ಲಿ ಸರ್ಕಾರಿ ವಕೀಲರಿಗೆ ಮಾತಾಡಲು ಅವಕಾಶ ಕೊಡದೆ ಜಾಮೀನು ಕೊಡುವಂತಿರಲಿಲ್ಲ, ಸಿಆರ್‌ಪಿಸಿಯ 437ನೇ ಕಲಮೇ ಹಾಗೆ ಹೇಳುತ್ತಿತ್ತು. ಅದಕ್ಕೇ ಈ ಸಲ ಹಿಂದಿನ ದಿನವೇ ಎಪಿಪಿಯವರ ಕಚೇರಿಗೆ ಹೋಗಿ ಪ್ರತಿ ಕೊಟ್ಟೆ, ನೋಟಿಸನ್ನೂ ತೋರಿಸಿದೆ. ಮ್ಯಾಜಿಸ್ಟ್ರೇಟ್ ಸಾಹೇಬರು ನಾಳೆ ರಜೆ ಇಲ್ಲ ತಾನೇ ಅಂತ ಬೆಂಚ್ ಕ್ಲರ್ಕ್ ಹತ್ತಿರ ವಿಚಾರಿಸಿದೆ. ದಿನ ಆರಿಸಿದ್ದು ಮಂಗಳವಾರ. ರಜೆಯ ಹಿಂದಿನ ದಿನ ಯಾರನ್ನೂ ನಾನು ಶರಣು ಮಾಡಿಸುವುದಿಲ್ಲ.

ಆರೋಪಿಗೆ ಬಿಪಿ ಮಾತ್ರೆ, ಒಂದು ಜೊತೆ ಬಟ್ಟೆ ತರಲು ಹೇಳಿದ್ದೆ. "ಜಾಮೀನು ಗ್ಯಾರಂಟಿ ಅಲ್ಲ, ಧೈರ್ಯವಾಗಿರಿ" ಅಂತ ಮೊದಲೇ ತಿಳಿಸಿದ್ದೆ. ಸುಳ್ಳು ಭರವಸೆ ಕೊಡಬಾರದು ಅಲ್ವಾ?

ಬೆಳಿಗ್ಗೆ ವಕಾಲತ್ತು, ವಾರಂಟ್ ರದ್ದಿಗೆ 70(2)ರ ಅರ್ಜಿ, 437ರ ಜಾಮೀನು ಅರ್ಜಿ ಒಟ್ಟಿಗೆ ಸಲ್ಲಿಸಿದೆ. ಅವರು ಕಟಕಟೆಯಲ್ಲಿ ಕೈಮುಗಿದು ನಿಂತರು. ಎಪಿಪಿ ಬಾಯಿಮಾತಿನಲ್ಲೇ ಆಕ್ಷೇಪಿಸಿದರು, ಸಮಯ ಕೇಳಲಿಲ್ಲ. ಊಟದ ನಂತರ ಆದೇಶ ಬಂತು: 50,000 ರೂಪಾಯಿ ಬಾಂಡ್, ಒಬ್ಬ ಜಾಮೀನುದಾರ.

ಜಾಮೀನಿಗೆ ಅವರ ಚಿಕ್ಕಪ್ಪ ಬಂದಿದ್ದರು. ಹೊಸ ಪಹಣಿ, ಆಧಾರ್, ಫೋಟೋ, ಅಫಿಡವಿಟ್ ಎಲ್ಲ ಸಿದ್ಧವಿತ್ತು. "ಇವರು ಕೋರ್ಟಿಗೆ ಬರದಿದ್ದರೆ ದುಡ್ಡು ನೀವು ಕಟ್ಟಬೇಕು, ಗೊತ್ತಾ?" ಎಂದು ಸಾಹೇಬರು ಕೇಳಿದರು. ಹಿರಿಯರು ತಡವರಿಸದೆ "ಗೊತ್ತು ಸ್ವಾಮಿ, ನಮ್ಮ ಅಣ್ಣನ ಮಗ" ಅಂದರು. ಸಂಜೆ ಐದಕ್ಕೆ ಮುಂಚೆ ಬಾಂಡ್ ಸಹಿ ಆಯಿತು.

2024ರ ಜುಲೈ 1ರಿಂದ ಸಿಆರ್‌ಪಿಸಿ ಬದಲು ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ, ಅಂದರೆ ಬಿಎನ್‌ಎಸ್‌ಎಸ್ ಜಾರಿಯಲ್ಲಿದೆ. 437ರ ಜಾಗಕ್ಕೆ 480, 70(2)ಕ್ಕೆ 72(2), 41ಎಗೆ 35(3) ಬಂದಿವೆ. ಕೆಲಸದ ಕ್ರಮ ಹೆಚ್ಚೇನೂ ಬದಲಾಗಿಲ್ಲ.

ಹೊರಡುವ ಮುಂಚೆ ಇನ್ನೊಂದು ಕೆಲಸ ಇತ್ತು. ಕೋರ್ಟ್ ವಾರಂಟ್ ರದ್ದು ಮಾಡಿದರೂ ಠಾಣೆಯಲ್ಲಿ ಹಳೇ ವಾರಂಟ್ ಹಾಗೇ ಉಳಿದಿರಬಹುದು. ರದ್ದತಿ ಆದೇಶದ ದೃಢೀಕೃತ ನಕಲಿಗೆ ಅವತ್ತೇ ಅರ್ಜಿ ಹಾಕಿದೆ. ಮೂರನೇ ದಿನ ಅದು ಕೈಗೆ ಬಂತು. ಒಂದು ಪ್ರತಿಯನ್ನು ಠಾಣೆಗೆ ಕೊಟ್ಟು ಸ್ವೀಕೃತಿ ತೆಗೆದುಕೊಂಡೆ. ಇನ್ನೊಂದನ್ನು ಅವರು ಮಡಚಿ ಅಂಗಿ ಜೇಬಿಗೆ ಇಟ್ಟುಕೊಂಡು ಬೆಂಗಳೂರಿನ ಬಸ್ ಹತ್ತಿದರು.