ಹಾಡಿಲ್ಲದ ಆಪೆರಾ: ಹಳೆಯ ಮೂಕಿ ಚಿತ್ರಗಳನ್ನು ನೋಡುವ ಬಗೆ

ಆಪೆರಾ ಅಂದರೆ ಹಾಡಿನಲ್ಲೇ ಕಥೆ ಹೇಳುವ ಪಾಶ್ಚಾತ್ಯ ರಂಗನಾಟಕ. ಅಂಥ ಕಥೆಯ ಮೂಕಿ ಚಿತ್ರ ನೋಡುವುದಾದರೆ ಮೊದಲು ಕಥೆ ಪೂರ್ತಿ ತಿಳಿದುಕೊಳ್ಳಿ, ನಾಯಕಿ ಸಾಯುವುದೂ ಸೇರಿ. ಕೊನೆ ಗೊತ್ತಾದರೆ ಮಜಾ ಹೋಗುತ್ತದೆ ಅಂತ ಅಂದುಕೊಳ್ಳಬೇಡಿ. ಫ್ರೆಂಚ್ ಸಂಗೀತಕಾರ ಬಿಜೆಯ 'ಕಾರ್ಮೆನ್' ಆಪೆರಾ 1875ರದ್ದು. 1915ರಲ್ಲಿ ಆ ಕಥೆ ಪರದೆಗೆ ಬಂದಾಗ ಎಷ್ಟೋ ಜನ ಆ ಸಾವು ಗೊತ್ತಿದ್ದೇ ಟಿಕೆಟ್ ಕೊಂಡಿದ್ದರು.

ಶುರುವಿಗೆ ಅದೇ ಚಿತ್ರ ಸಾಕು, ಸೆಸಿಲ್ ಬಿ. ಡಿಮಿಲ್ ನಿರ್ದೇಶಿಸಿದ್ದು. ನಾಯಕಿ ಜೆರಾಲ್ಡೀನ್ ಫರಾರ್ ನ್ಯೂಯಾರ್ಕಿನ ಮೆಟ್ರೊಪಾಲಿಟನ್ ಆಪೆರಾದ ದೊಡ್ಡ ಗಾಯಕಿ. ಹಿಂದಿನ ವರ್ಷವಷ್ಟೇ ಅಲ್ಲಿ ಇದೇ ಪಾತ್ರ ಹಾಡಿದ್ದರು. ಅಂಥವರ ದನಿಯೇ ಇಲ್ಲದ ಸಿನಿಮಾ! ಹಾಗಂತ ಆಪೆರಾದ ರೆಕಾರ್ಡಿಂಗ್ ಜೊತೆಗೆ ಹಾಕಬೇಡಿ. ನಾನು ಹಾಕಿ ನೋಡಿದ್ದೇನೆ. ಒಂದು ಹಾಡು ಮುಗಿಯುವಷ್ಟರಲ್ಲಿ ಕಥೆ ನಾಲ್ಕು ದೃಶ್ಯ ದಾಟಿತ್ತು. ಆಪೆರಾದಲ್ಲಿ ಹಾಡು ಬಂದಾಗ ಕಥೆ ನಿಲ್ಲುತ್ತದೆ, ಮೂಕಿ ಚಿತ್ರದಲ್ಲಿ ನಿಲ್ಲುವುದಿಲ್ಲ. ಅದೂ ಅಲ್ಲದೆ, ಆಪೆರಾದ ಸಾಹಿತ್ಯದ ಹಕ್ಕು ದುಬಾರಿ ಅಂತ ಡಿಮಿಲ್ ತಂಡ ಫ್ರೆಂಚ್ ಲೇಖಕ ಮೆರಿಮೆಯ ಮೂಲ ಕಥೆಯನ್ನೇ ಹಿಡಿದಿತ್ತು.

ಮೊದಲ ಸಲ ಸದ್ದು ಪೂರ್ತಿ ತೆಗೆದು ನೋಡಿ. ಫರಾರ್ ಅವರ ಭುಜ, ಸೊಂಟ, ಕೈ ಗಮನಿಸಿ. ಸಿಗರೇಟು ಕಾರ್ಖಾನೆಯ ಜಗಳ ಬಂದಾಗ ನಿಮಗೇ ಗೊತ್ತಾಗುತ್ತದೆ, ಅಲ್ಲಿ ಹಾಡು ಬೇಕಿಲ್ಲ. ಎರಡನೇ ಸಲ ಸಂಗೀತ ಇರಲಿ. ಬಿಜೆಯ ರಾಗಗಳನ್ನು ಹ್ಯೂಗೋ ರೀಸೆನ್‌ಫೆಲ್ಡ್ ಈ ಚಿತ್ರಕ್ಕೆಂದೇ ಹೊಂದಿಸಿದ್ದರು. ಅದಿರುವ ಪ್ರತಿ ಸಿಕ್ಕರೆ ಬಿಡಬೇಡಿ.

ಜನ ಕುಪ್ಪಳಿಸುತ್ತಾ ಓಡಾಡುವಂತೆ ಕಂಡರೆ ತಪ್ಪು ನಟರದಲ್ಲ. ಆಗ ಕ್ಯಾಮೆರಾವನ್ನು ಕೈಯಲ್ಲೇ ತಿರುಗಿಸುತ್ತಿದ್ದರು, ಸೆಕೆಂಡಿಗೆ 24ಕ್ಕಿಂತ ಕಡಿಮೆ ಫ್ರೇಮು (ಬಿಡಿ ಚಿತ್ರ) ಇರುವುದೇ ಜಾಸ್ತಿ. ಅದನ್ನು 24ರ ವೇಗದಲ್ಲಿ ಓಡಿಸಿದರೆ ಎಲ್ಲ ಅವಸರದಲ್ಲಿ ಕಾಣುತ್ತದೆ. ಪ್ಲೇಯರಿನಲ್ಲಿ ವೇಗವನ್ನು 0.75ಕ್ಕೆ ಇಳಿಸಿ ನೋಡಿ.

ಆಮೇಲೆ 1926ರ 'ಲಾ ಬೊಹೆಮ್'. ನನಗೆ ಇದರ ಮೇಲೇ ಪ್ರೀತಿ ಜಾಸ್ತಿ. ಇದೇ ಹೆಸರಿನ ಆಪೆರಾಕ್ಕೆ ಪುಚೀನಿ ಕೊಟ್ಟ ಸಂಗೀತ ಇದರಲ್ಲಿ ಇರಲಿಲ್ಲ. ನಾಯಕಿ ಮಿಮಿಯಾಗಿ ಲಿಲಿಯನ್ ಗಿಶ್ ಇದ್ದರು. ಸಾವಿನ ದೃಶ್ಯಕ್ಕಾಗಿ ಅವರು ಮೂರು ದಿನ ನೀರೇ ಕುಡಿದಿರಲಿಲ್ಲ ಎಂದು ನಿರ್ದೇಶಕ ಕಿಂಗ್ ವಿಡರ್ ಬರೆದಿದ್ದಾರೆ. ಆ ತುಟಿಗಳನ್ನು ನೋಡಿದರೆ ನಂಬಿಕೆ ಬರುತ್ತದೆ.

ಆದರೆ ನೀವು ಕಾಯಬೇಕಾದದ್ದು ಅದಕ್ಕೂ ಸ್ವಲ್ಪ ಮುಂಚಿನ ಭಾಗಕ್ಕೆ. ಆಪೆರಾದಲ್ಲಿ ಗೆಳತಿ ಮ್ಯುಸೆಟ್ಟಾ ನಾಯಕನ ಕೋಣೆಗೆ ಓಡಿ ಬಂದು, ಮಿಮಿ ಕೆಳಗಿದ್ದಾಳೆ, ಮೆಟ್ಟಿಲು ಹತ್ತಲಾರಳು ಅನ್ನುತ್ತಾಳೆ. ಮಿಮಿ ಬಂದ ದಾರಿ ನಮಗೆ ಕಾಣುವುದೇ ಇಲ್ಲ. ಸಿನಿಮಾ ಆ ದಾರಿಯನ್ನೇ ತೋರಿಸುತ್ತದೆ. ಸಾಯುತ್ತಿರುವ ಹುಡುಗಿ ಗಾಡಿಯ ಹಿಂಭಾಗ ಹಿಡಿದುಕೊಂಡು, ಎಳೆಸಿಕೊಂಡು ಪ್ಯಾರಿಸ್ ದಾಟುತ್ತಾಳೆ. ಇಲ್ಲಿ ಮತ್ತೆ ಸದ್ದು ತೆಗೆಯಿರಿ. ಇಷ್ಟು ಭಾಗವನ್ನು ಎರಡು ಸಲ ನೋಡಿ.